ಅಪ್ಪಂಗೆ ಪಾರ್ಕಿನ್ಸನ್, ಮಾತು ಕೇಳಿಸ್ತಿಲ್ಲ, ನೀರು ಕುಡಿದ್ರೆ ನೆತ್ತಿಗೆ ಹತ್ತುತ್ತೆ, ಏನ್ ಮಾಡ್ಬೇಕು?

ಹಸಿರೆಲೆ:

ಎಲ್ಲರಿಗೂ ನಮಸ್ಕಾರ, ಇಲ್ಲಿ ಮೊದಲ ಸಲ ಬರೀತಿದೀನಿ, ಸ್ವಲ್ಪ ಉದ್ದ ಆಗ್ಬಹುದು ಕ್ಷಮಿಸಿ. ಅಪ್ಪಂಗೆ 71 ವರ್ಷ, ಪಾರ್ಕಿನ್ಸನ್ ಅಂತ ಗೊತ್ತಾಗಿ 6 ವರ್ಷ ಆಯ್ತು. ಕೈ ನಡುಕ, ನಡಿಗೆ ಎಲ್ಲಾ ಮಾತ್ರೆಯಿಂದ ಒಂದು ಮಟ್ಟಕ್ಕೆ ಹಿಡಿತದಲ್ಲಿದೆ, ಅದರ ಬಗ್ಗೆ ಅಲ್ಲ ನಾನು ಕೇಳ್ತಿರೋದು. ಒಂದು ವರ್ಷದಿಂದ ಮಾತು ಸಣ್ಣಗಾಗ್ತಾನೇ ಹೋಗಿದೆ. ಪಕ್ಕದಲ್ಲೇ ಕೂತು ಕಿವಿ ಕೊಟ್ರೂ ಅರ್ಧ ತಿಳಿಯಲ್ಲ, ವಾಕ್ಯ ಶುರು ಮಾಡುವಾಗ ಪರವಾಗಿಲ್ಲ, ಕೊನೆಗೆ ಬರೋ ಹೊತ್ತಿಗೆ ಬರೀ ಗಾಳಿ. ಹೋದ ವಾರ ಫೋನ್ ಬಂತು, ಅವರೇ ಎತ್ತಿ ಮೂರು ಸಲ ಹಲೋ ಅಂದ್ರು, ಆ ಕಡೆಯೋರಿಗೆ ಏನೂ ಕೇಳಿಸಿಲ್ಲ ಅನ್ಸುತ್ತೆ ಕಟ್ ಮಾಡ್ಬಿಟ್ರು. ಅಪ್ಪ ಫೋನನ್ನೇ ನೋಡ್ತಾ ಸುಮ್ಮನೆ ಕೂತಿದ್ರು. ಆವತ್ತಿಂದ ರಿಂಗ್ ಆದ್ರೆ ಸಾಕು, ನನ್ನ ಕಡೆ ತಳ್ತಾರೆ.

ಅಣ್ಣ ಹೇಳೋದು ಅವರು ಬೇಕಂತ್ಲೇ ಗೊಣಗ್ತಾರೆ ಅಂತ, ಯಾಕಂದ್ರೆ ಡಾಕ್ಟರ್ ಮುಂದೆ ಕೂರಿಸಿದ್ರೆ ಮಾತು ಚೆನ್ನಾಗೇ ಬರುತ್ತೆ. ಅದು ನಿಜಾನೇ, ನಾನೂ ನೋಡಿದೀನಿ. ಮನೇಲಿ ಇದೇ ವಿಷಯಕ್ಕೆ ಜಗಳ ಆಗ್ತಿದೆ, ಜೋರಾಗಿ ಮಾತಾಡಿ ಅಂತ ನಾವು ಕಿರುಚೋದು, ಅವರು ನಾನು ಜೋರಾಗೇ ಮಾತಾಡ್ತಿದೀನಿ ನಿಮ್ಮ ಕಿವಿ ತೋರಿಸ್ಕೊಳ್ಳಿ ಅಂತ ಸಿಟ್ಟಾಗೋದು.

ಇನ್ನೊಂದು, ನುಂಗೋದು. ಆರು ತಿಂಗಳ ಹಿಂದೆ ನೀರು ಕುಡಿದಾಗೆಲ್ಲಾ ನೆತ್ತಿಗೆ ಹತ್ತಿ ಕೆಮ್ಮು ಬರ್ತಿತ್ತು. ಈಚೆಗೆ ಕೆಮ್ಮು ಎಷ್ಟೋ ಕಮ್ಮಿ ಆಗಿದೆ, ಅದಕ್ಕೆ ನಮಗೆಲ್ಲಾ ಸಮಾಧಾನ ಆಗಿತ್ತು. ಆದ್ರೆ ನೀರು ಕುಡಿದ್ಮೇಲೆ ದನಿ ಗೊರಗೊರ ಅನ್ನುತ್ತೆ, ಊಟಕ್ಕೆ ಮುಕ್ಕಾಲು ಗಂಟೆ ಮೇಲೆ ಹಿಡಿಯುತ್ತೆ, ತೂಕ ಇಳಿದಿದೆ, ಬೆಳಗ್ಗೆ ದಿಂಬು ಜೊಲ್ಲಿಂದ ಒದ್ದೆ ಆಗಿರುತ್ತೆ. ನಾಲ್ಕು ತಿಂಗಳಲ್ಲಿ ಎರಡು ಸಲ ಜ್ವರ ಬಂದು ಎದೇಲಿ ಇನ್ಫೆಕ್ಷನ್ ಅಂತ ಆಂಟಿಬಯಾಟಿಕ್ ಕೊಟ್ರು. ಇವೆಲ್ಲಾ ಒಂದಕ್ಕೊಂದು ಸಂಬಂಧ ಇದ್ಯಾ ಇಲ್ಲಾ ನಾನೇ ಸುಮ್ನೆ ಭಯ ಪಡ್ತಿದೀನಾ? ಗೊತ್ತಿರೋರು ದಯವಿಟ್ಟು ಹೇಳಿ.

ಸಂಜೆಗಾಳಿ:

ನಮ್ಮ ತಾತಂಗೂ ಹೀಗೇ ಇತ್ತು. ತಲೆ ಸ್ವಲ್ಪ ಹಿಂದಕ್ಕೆ ಬಾಗಿಸಿ ನೀರು ಬಾಯಿಗೆ ಹಾಕಿದ್ರೆ ಸಲೀಸಾಗಿ ಇಳಿಯುತ್ತೆ, ನಾವು ಹಾಗೇ ಮಾಡ್ತಿದ್ವಿ. ವಯಸ್ಸಾದ್ಮೇಲೆ ಇದೆಲ್ಲಾ ಇದ್ದಿದ್ದೇ, ಕೆಮ್ಮು ಕಮ್ಮಿ ಆಗಿದೆ ಅಂದ್ರೆ ಸುಧಾರಿಸ್ತಿದಾರೆ, ಹೆದರಬೇಡಿ.

ಸ್ವರಯಾನ:

ನಾನು ಸ್ಪೀಚ್ ಥೆರಪಿಸ್ಟ್, ನರರೋಗದವರ ಜೊತೆಗೇ 14 ವರ್ಷದಿಂದ ಕೆಲಸ. ಸಂಜೆಗಾಳಿ ಅವರೇ, ನೀವು ಒಳ್ಳೇ ಮನಸ್ಸಿಂದ ಹೇಳಿದೀರ, ಆದ್ರೂ ತಿದ್ದಲೇಬೇಕು, ಯಾರಾದ್ರೂ ಓದಿ ಹಾಗೇ ಮಾಡಿಬಿಟ್ರೆ ಕಷ್ಟ. ತಲೆ ಹಿಂದಕ್ಕೆ ಬಾಗಿಸಿದ್ರೆ ಶ್ವಾಸನಾಳದ ಬಾಯಿ ಇನ್ನೂ ಅಗಲ ಆಗುತ್ತೆ, ನೀರು ಸರ್ರಂತ ಜಾರುತ್ತೆ, ಗಂಟಲು ತಯಾರಾಗೋಕೆ ಮುಂಚೆನೇ ಅಲ್ಲಿ ಹೋಗಿ ಬಿದ್ದಿರುತ್ತೆ. ದಯವಿಟ್ಟು ಬೇಡ.

ಹಸಿರೆಲೆ, ನೀವು ಸುಮ್ನೆ ಭಯ ಪಡ್ತಿಲ್ಲ. ಬರೆದಿರೋದೆಲ್ಲಾ ಒಂದೇ ದಾರಕ್ಕೆ ಪೋಣಿಸಿದ ಹಾಗಿದೆ, ಅದರಲ್ಲೂ ನೀವು ಸಮಾಧಾನ ಅಂದ್ರಲ್ಲ, ಕೆಮ್ಮು ಕಮ್ಮಿ ಆಗಿದ್ದು, ನನಗೆ ಜಾಸ್ತಿ ಆತಂಕ ಆಗಿದ್ದು ಅಲ್ಲೇ. ಕೆಮ್ಮು ಅನ್ನೋದು ಕಾವಲುಗಾರ. ನೀರು ತಪ್ಪು ದಾರಿ ಹಿಡಿದ ತಕ್ಷಣ ಅದನ್ನ ಹೊರಗೆ ಎಸೆಯೋದು ಅದರ ಕೆಲಸ. ಪಾರ್ಕಿನ್ಸನ್‌ನಲ್ಲಿ ಗಂಟಲಿನ ಒಳಗಿನ ಸ್ಪರ್ಶಜ್ಞಾನ ಮಂಕಾಗಬಹುದು, ಕೆಮ್ಮಿನ ಜೋರೂ ತಗ್ಗಬಹುದು. ಆಗ ನೀರು, ಎಂಜಲು ಶ್ವಾಸನಾಳಕ್ಕೆ ಇಳೀತಿದ್ರೂ ಮುಖದಲ್ಲಿ ಏನೂ ಗೊತ್ತಾಗಲ್ಲ, ಇದನ್ನ ಸೈಲೆಂಟ್ ಆಸ್ಪಿರೇಷನ್ ಅಂತೀವಿ. ಗೊರಗೊರ ದನಿ, ತೂಕ ಇಳಿಯೋದು, ಮತ್ತೆ ಮತ್ತೆ ಎದೆಯ ಇನ್ಫೆಕ್ಷನ್ ಜೊತೆಗಿದ್ರೆ ಕೆಮ್ಮು ನಿಂತಿದ್ದನ್ನ ಗುಣ ಅಂತ ತಿಳಿಯೋ ಹಾಗಿಲ್ಲ.

ನಿಮ್ಮ ಗಂಟಲ ಮೇಲೆ ಎರಡು ಬೆರಳು ಇಟ್ಕೊಂಡು ಈಗಲೇ ಒಂದ್ಸಲ ಎಂಜಲು ನುಂಗಿ ನೋಡಿ. ಆ ಗಟ್ಟಿ ಗುಬುಟು ಮೇಲಕ್ಕೆ ಹಾರಿ ಕೆಳಗೆ ಕೂತ್ಕೊಳ್ತಲ್ಲ, ಅದು ಧ್ವನಿಪೆಟ್ಟಿಗೆ. ಅದು ಮೇಲೆ ಹೋಗೋ ಆ ಸೆಕೆಂಡಿನೊಳಗೆ ಉಸಿರು ನಿಲ್ಲುತ್ತೆ, ಧ್ವನಿತಂತುಗಳು ಬಿಗಿಯಾಗಿ ಮುಚ್ಕೊಳ್ತವೆ, ಮೇಲಿಂದ ಮುಚ್ಚಳ ಬಾಗುತ್ತೆ, ಅನ್ನನಾಳದ ಬಾಯಿ ತೆರೆಯುತ್ತೆ, ಆಮೇಲೆ ಮತ್ತೆ ಉಸಿರು. ಇದಕ್ಕೆ 25 ಜೊತೆಗೂ ಹೆಚ್ಚು ಸ್ನಾಯುಗಳು ಸರದಿ ತಪ್ಪದೆ ಕೆಲಸ ಮಾಡ್ಬೇಕು. ಪಾರ್ಕಿನ್ಸನ್‌ನಲ್ಲಿ ಕೈಕಾಲು ನಿಧಾನ ಆಗೋ ಹಾಗೆ ಇದೂ ನಿಧಾನ ಆಗುತ್ತೆ. ಗಟ್ಟಿ ತುತ್ತು ಸ್ವಲ್ಪ ಕಾಯುತ್ತೆ, ನೀರು ಕಾಯಲ್ಲ, ಅದಕ್ಕೇ ಎಲ್ಲಕ್ಕಿಂತ ಮೊದಲು ತೊಂದ್ರೆ ಕೊಡೋದು ಬರೀ ನೀರು. ಮಾತಿಗೂ ಅದೇ ಧ್ವನಿತಂತು, ಅದೇ ನಾಲಿಗೆ, ಅದೇ ಉಸಿರು, ಹಾಗಾಗಿ ಒಂದು ಕೆಟ್ಟಾಗ ಇನ್ನೊಂದನ್ನೂ ನೋಡಿಸ್ಬೇಕು. ನುಂಗೋ ಸಮಸ್ಯೆನೂ ಸ್ಪೀಚ್ ಥೆರಪಿಸ್ಟೇ ನೋಡೋದು ಅಂತ ಎಷ್ಟೋ ಮನೆಗಳಿಗೆ ಗೊತ್ತೇ ಇರಲ್ಲ, ಎರಡು ಮೂರು ಸಲ ನ್ಯುಮೋನಿಯಾ ಆದ್ಮೇಲೆ ಬರ್ತಾರೆ.

ಜೊಲ್ಲು ಜಾಸ್ತಿ ಉತ್ಪತ್ತಿ ಆಗ್ತಿರೋದಲ್ಲ, ನಾವು ಗಮನಿಸದೇನೇ ದಿನವಿಡೀ ನುಂಗ್ತಾ ಇರ್ತೀವಲ್ಲ ಅದು ಅವರಲ್ಲಿ ಕಮ್ಮಿ ಆಗಿರುತ್ತೆ. 1817ರಲ್ಲಿ ಜೇಮ್ಸ್ ಪಾರ್ಕಿನ್ಸನ್ ಈ ಕಾಯಿಲೆ ಬಗ್ಗೆ ಮೊದಲು ಬರೆದಾಗಲೇ ಮಾತು ಅರ್ಥ ಆಗದೇ ಇರೋದು, ನುಂಗೋಕೆ ಕಷ್ಟ, ಬಾಯಿಂದ ಜೊಲ್ಲು ಸೋರೋದು ಎಲ್ಲಾ ದಾಖಲಿಸಿದಾರೆ. 200 ವರ್ಷ ಕಳೆದ್ರೂ ನಾವಿನ್ನೂ ನಡುಕ ಒಂದನ್ನೇ ಕಾಯಿಲೆ ಅಂತ ನೋಡ್ತೀವಿ, ಇದು ನನಗೆ ನಿಜವಾಗ್ಲೂ ಬೇಸರ.

ಈಗ ಮಾಡ್ಬೇಕಾಗಿರೋದು, ನ್ಯೂರಾಲಜಿಸ್ಟ್‌ಗೆ ಈ ಎರಡು ಜ್ವರದ ವಿಷಯ ಬಿಡಿಸಿ ಹೇಳಿ ನುಂಗೋ ಪರೀಕ್ಷೆಗೆ ಬರೆಸ್ಕೊಳ್ಳಿ. ಎರಡು ವಿಧ ಇದೆ. ಒಂದು ಬೇರಿಯಂ (ಎಕ್ಸ್‌ರೇಲಿ ಎದ್ದು ಕಾಣೋ ಪುಡಿ) ಬೆರೆಸಿದ್ದನ್ನ ತಿನ್ನಿಸಿ, ಕುಡಿಸಿ ಎಕ್ಸ್‌ರೇ ವಿಡಿಯೋ ತೆಗೆಯೋದು. ಇನ್ನೊಂದು ಫೀಸ್ ಅಂತ, ಮೂಗಿನಿಂದ ತೆಳು ಕ್ಯಾಮೆರಾ ಇಳಿಸಿ ನುಂಗುವಾಗ ಗಂಟಲಲ್ಲಿ ಏನಾಗುತ್ತೆ ಅಂತ ನೇರ ನೋಡೋದು. ಎರಡರಲ್ಲಿ ಯಾವುದಾದ್ರೂ ಆಗುತ್ತೆ. ಹೊರಗಿಂದ ನೋಡಿ ಅಂದಾಜು ಮಾಡೋದು ಸೈಲೆಂಟ್ ಆಸ್ಪಿರೇಷನ್‌ನಲ್ಲಿ ನಡೆಯಲ್ಲ.

ಅಲ್ಲೀವರೆಗೂ ನೆಟ್ಟಗೆ ಕೂರಿಸಿ, ಹಾಸಿಗೆ ಮೇಲೆ ಅರೆ ಮಲಗಿಸಿ ಕೊಡಬೇಡಿ. ಸಣ್ಣ ಗುಟುಕು, ಒಂದು ಇಳಿದ್ಮೇಲೆ ಇನ್ನೊಂದು. ಟಿವಿ ಆಫ್, ಊಟದ ಮಧ್ಯೆ ಪ್ರಶ್ನೆ ಕೇಳಬೇಡಿ, ಉತ್ತರ ಹೇಳೋಕೆ ಬಾಯಿ ತೆರೀತಾರೆ. ಮಾತ್ರೆ ಚೆನ್ನಾಗಿ ಕೆಲಸ ಮಾಡೋ ಹೊತ್ತಿಗೆ ಊಟ ಬರೋ ಹಾಗೆ ಟೈಮ್ ಹೊಂದಿಸಿ, ಪಾರ್ಕಿನ್ಸನ್‌ಗೆ ಕೊಡೋ ಮುಖ್ಯ ಔಷಧಿ ಲೆವೊಡೋಪಾನ ಸಾಮಾನ್ಯವಾಗಿ ಊಟಕ್ಕೆ ಅರ್ಧ ಗಂಟೆಯಿಂದ ಒಂದು ಗಂಟೆ ಮುಂಚೆ ಕೊಡ್ತಾರೆ, ನಿಮ್ಮ ಡಾಕ್ಟರನ್ನ ಕೇಳಿ ಖಚಿತ ಮಾಡ್ಕೊಳ್ಳಿ. ಊಟ ಆದ್ಮೇಲೆ ಅರ್ಧ ಗಂಟೆ ಮಲಗಿಸಬೇಡಿ. ಗಲ್ಲ ಎದೆಗೆ ತಾಗಿಸಿ ನುಂಗೋದು ಅಂತ ಎಲ್ಲಾ ಕಡೆ ಬರೆದಿರ್ತಾರೆ, ಅದು ಕೆಲವರಿಗೆ ಮಾತ್ರ ಆಗಿಬರುತ್ತೆ, ಪರೀಕ್ಷೆಯಲ್ಲಿ ನೋಡದೆ ಶುರು ಮಾಡಬೇಡಿ. ನಿಧಾನಕ್ಕೆ ಇಳೀಲಿ ಅಂತ ನೀರಿಗೆ ಪುಡಿ ಬೆರೆಸಿ ನೀವೇ ಮಂದ ಮಾಡೋಕೂ ಹೋಗಬೇಡಿ. ಎಷ್ಟು ಮಂದ ಬೇಕು ಅನ್ನೋಕೆ 0ಯಿಂದ 7ರವರೆಗೆ ಒಂದು ಅಂತಾರಾಷ್ಟ್ರೀಯ ಅಳತೆ ಇದೆ, 10 ಎಂಎಲ್ ಸಿರಿಂಜಿಗೆ ತುಂಬಿ 10 ಸೆಕೆಂಡ್ ಹರಿಯೋಕೆ ಬಿಟ್ಟು ಎಷ್ಟು ಉಳೀತು ಅಂತ ನೋಡೋದು. ಬೇಕಾಗಿದ್ದಕ್ಕಿಂತ ಮಂದ ಮಾಡಿದ್ರೆ ಅದು ಗಂಟಲಲ್ಲೇ ಅಂಟಿ ಉಳಿಯುತ್ತೆ, ರುಚಿ ಇಲ್ಲ ಅಂತ ಕುಡಿಯೋದೇ ಬಿಟ್ಟು ನಿರ್ಜಲೀಕರಣ ಬೇರೆ ಆಗುತ್ತೆ.

ಇನ್ನು ನಿಮ್ಮಣ್ಣನ ಮಾತಿಗೆ. ಅಪ್ಪ ಬೇಕಂತ ಮಾಡ್ತಿಲ್ಲ, ಸುಳ್ಳೂ ಹೇಳ್ತಿಲ್ಲ. ತನ್ನ ದನಿ ಎಷ್ಟು ಜೋರಿದೆ ಅಂತ ಅಳೆಯೋ ಮಿದುಳಿನ ಮಾಪಕಾನೇ ತಪ್ಪು ತೋರಿಸ್ತಿರುತ್ತೆ, ಪಿಸುಗುಟ್ಟಿದ್ರೂ ಅವರಿಗೆ ಸರಿಯಾಗೇ ಕೇಳಿಸುತ್ತೆ, ನಮ್ಮ ಮಾಮೂಲಿ ದನಿಯಲ್ಲಿ ಮಾತಾಡಿಸಿದ್ರೆ ಅವರಿಗೆ ಕಿರುಚಿದ ಹಾಗೆ ಅನ್ಸುತ್ತೆ. ಡಾಕ್ಟರ್ ಮುಂದೆ ಗಮನ ಪೂರ್ತಿ ಮಾತಿನ ಮೇಲೇ ಇರುತ್ತೆ, ಅದಕ್ಕೆ ಅಷ್ಟು ಹೊತ್ತು ದನಿ ಏರುತ್ತೆ, ಮನೆಗೆ ಬಂದು ಗಮನ ಸಡಿಲ ಆದ್ರೆ ಮತ್ತೆ ಇಳಿಯುತ್ತೆ. ಈ ಮಾಪಕ ಸರಿ ಮಾಡೋಕೇ ಒಂದು ಥೆರಪಿ ಇದೆ, ಲೀ ಸಿಲ್ವರ್‌ಮನ್ ಅನ್ನೋ ಪಾರ್ಕಿನ್ಸನ್ ಇದ್ದ ಮಹಿಳೆಯ ಹೆಸರಲ್ಲಿ, 1987ರಿಂದ ಬೆಳೆದುಬಂದಿದ್ದು. ವಾರಕ್ಕೆ 4 ದಿನ, 4 ವಾರ, ಒಟ್ಟು 16 ಸೆಷನ್, ಒಂದೊಂದು ಒಂದು ಗಂಟೆ. ಅದರಲ್ಲಿ ಹೇಳಿಕೊಡೋ ಸೂಚನೆ ಒಂದೇ, ಜೋರಾಗಿ. ದನಿ ಏರಿಸಿದ್ರೆ ಉಚ್ಚಾರಣೆನೂ ತಾನಾಗೇ ಸ್ಪಷ್ಟ ಆಗೋದನ್ನ ನಾನು ತುಂಬಾ ಜನರಲ್ಲಿ ನೋಡಿದೀನಿ. ಮನೇಲಿ ದಿನಾ ಅಭ್ಯಾಸ ಬಿಡಬಾರದು ಅಷ್ಟೇ.

ಸಂಜೆಗಾಳಿ:

ಮೇಡಂ ತಿದ್ದಿದ್ದಕ್ಕೆ ಧನ್ಯವಾದ. ತಾತ ಕೊನೆಗೆ ನ್ಯುಮೋನಿಯಾದಲ್ಲೇ ಹೋಗಿದ್ದು. ನಮಗೆ ಇದೆಲ್ಲಾ ಯಾರೂ ಹೇಳಿರಲಿಲ್ಲ.

ಸ್ವರಯಾನ:

ನೀವು ಪ್ರೀತಿಯಿಂದ ನೋಡ್ಕೊಂಡಿದೀರ. ಗೊತ್ತಿರೋದನ್ನ ಹೇಳದೇ ಇದ್ದೋರದ್ದು ತಪ್ಪು, ನಿಮ್ಮದಲ್ಲ.

ನೀಲಿಬಾನು:

ನಮ್ಮನೆಯವರಿಗೆ ಸ್ಟ್ರೋಕ್ ಆಗಿ ಮೂರು ವರ್ಷ. ಕಾಯಿಲೆ ಬೇರೆ ಆದ್ರೂ ನಾವು ಪಟ್ಟಿದ್ದು ಹೇಳ್ತೀನಿ, ಯಾರಿಗಾದ್ರೂ ಉಪಯೋಗ ಆಗ್ಲಿ. ಸ್ಟ್ರೋಕ್ ಆದ ದಿನ ಒಂದು ಗುಟುಕು ನೀರು ಕೊಡೋಣ ಅಂತ ಹೋದೆ, ನರ್ಸ್ ಬಂದು ಲೋಟ ಕಿತ್ಕೊಂಡ್ರು. ಕೋಪ ಬಂತು. ಆಮೇಲೆ ತಿಳೀತು, ನುಂಗೋದನ್ನ ಪರೀಕ್ಷೆ ಮಾಡೋ ತನಕ ಬಾಯಿಗೆ ಏನೂ, ಮಾತ್ರೆ ಕೂಡ, ಹಾಕಬಾರದಂತೆ. ಐದು ವಾರ ಮೂಗಿನ ಪೈಪಿನಲ್ಲೇ ಊಟ. ಆಮೇಲೆ ನಿಧಾನಕ್ಕೆ ಬಾಯಿಗೆ ಬಂದ್ರು, ಸ್ಟ್ರೋಕ್‌ನಲ್ಲಿ ಹೀಗೆ ಮೊದಲ ವಾರಗಳಲ್ಲೇ ತುಂಬಾ ಜನಕ್ಕೆ ನುಂಗೋದು ವಾಪಸ್ ಬರುತ್ತಂತೆ.

ಆಗ ಕಲಿತ ಎರಡು ವಿಷಯ. ಬಾಯಲ್ಲಿ ಏನೂ ತಿಂತಿಲ್ಲ ಅಂತ ಹಲ್ಲುಜ್ಜೋದು ಬಿಡಬಾರದು, ಎದೆಗೆ ಇಳಿಯೋದು ಊಟ ಮಾತ್ರ ಅಲ್ಲ, ಎಂಜಲೂ ಇಳಿಯುತ್ತೆ, ಗಲೀಜು ಬಾಯಿಯ ಎಂಜಲಲ್ಲಿ ಕ್ರಿಮಿ ಜಾಸ್ತಿ. ನಾನು ದಿನಕ್ಕೆ ಮೂರು ಸಲ ಮೆತ್ತನೆ ಬ್ರಷ್‌ನಲ್ಲಿ ಹಲ್ಲು, ನಾಲಿಗೆ, ಕೆನ್ನೆ ಒಳಗೆ ಎಲ್ಲಾ ಕ್ಲೀನ್ ಮಾಡ್ತಿದ್ದೆ, ಸೋತ ಕಡೆಯ ಕೆನ್ನೇಲಿ ಒಂದೊಂದ್ಸಲ ಹಿಂದಿನ ಊಟದ ತುಣುಕು ಹಾಗೇ ಕೂತಿರ್ತಿತ್ತು, ಅವರಿಗೆ ಅದು ಗೊತ್ತೇ ಆಗ್ತಿರ್ಲಿಲ್ಲ. ಇನ್ನೊಂದು ಮಾತ್ರೆ. ಎಲ್ಲಾನೂ ಪುಡಿ ಮಾಡಿ ಕೊಡ್ತಿದ್ದೆ, ಅದರಲ್ಲಿ ಒಂದು ನಿಧಾನಕ್ಕೆ ಕರಗೋ ಮಾತ್ರೆ ಇತ್ತು, ಪುಡಿ ಮಾಡಿದ್ರೆ ಇಡೀ ದಿನದ ಔಷಧಿ ಒಟ್ಟಿಗೇ ಮೈಗೆ ಸೇರಿಬಿಡುತ್ತಂತೆ. ಒಂದೊಂದು ಮಾತ್ರೆನೂ ಕೇಳಿ ಆಮೇಲೆ ಪುಡಿ ಮಾಡಿ.

ಮಾತು ಇನ್ನೂ ಪೂರ್ತಿ ಬಂದಿಲ್ಲ. ಅವರದ್ದು ದನಿ ಸಮಸ್ಯೆ ಅಲ್ಲ, ಅಫೇಸಿಯ, ಶಬ್ದಾನೇ ಸಿಗಲ್ಲ. ಹೌದು ಅನ್ನೋಕೆ ಹೋಗಿ ಇಲ್ಲ ಅಂತಾರೆ, ಅಂದ ತಕ್ಷಣ ಅವರಿಗೇ ಗೊತ್ತಾಗಿ ಹಣೆ ಚಚ್ಕೊಳ್ತಾರೆ. ಪ್ಯಾರಿಸ್‌ನಲ್ಲಿ 1861ರಲ್ಲಿ ಬ್ರೋಕಾ ಅನ್ನೋ ಡಾಕ್ಟರ್ ಹತ್ರ ಒಬ್ಬ ರೋಗಿ ಇದ್ರಂತೆ, ಏನು ಕೇಳಿದ್ರೂ ‘ತಾನ್’ ಅಂತ ಮಾತ್ರ ಹೇಳ್ತಿದ್ರು, ಆದ್ರೆ ಹೇಳಿದ್ದು ಬಹಳಷ್ಟು ಅರ್ಥ ಆಗ್ತಿತ್ತು. ಅದನ್ನ ಥೆರಪಿಸ್ಟ್ ಹೇಳಿದ ದಿನ ನಾನು ಮನೆಗೆ ಬಂದು ಅತ್ತೆ, ಯಾಕಂದ್ರೆ ಅಲ್ಲೀವರೆಗೂ ಬಂದೋರೆಲ್ಲಾ ಇವರ ಎದುರಿಗೇ ‘ಇವರಿಗೆ ತಿಳಿಯುತ್ತಾ’ ಅಂತ ಕೇಳ್ತಿದ್ರು, ನಾನು ಸುಮ್ನಿರ್ತಿದ್ದೆ. ಈಗ ಸುಮ್ನಿರಲ್ಲ. ಒಂದು ರಟ್ಟಿನ ಮೇಲೆ ಒಂದು ಕಡೆ ಹೌದು ಇನ್ನೊಂದು ಕಡೆ ಇಲ್ಲ ಬರೆದು ಇಟ್ಟಿದೀನಿ, ಬೆರಳಿಟ್ಟು ತೋರಿಸ್ತಾರೆ, ಬೆರಳು ಬಾಯಿಗಿಂತ ಕಮ್ಮಿ ತಪ್ಪುತ್ತೆ.

ಹೊಂಗೆನೆರಳು:

ಚಿಕ್ಕದಾಗಿ ಒಂದು ಮಾತು. ನನಗೆ ಮಯಸ್ತೇನಿಯಾ ಗ್ರಾವಿಸ್, ಬಳಸಿದಷ್ಟೂ ಸ್ನಾಯುಗಳು ಸೋಲೋ ಕಾಯಿಲೆ. ನಮ್ಮದು ಬೇರೆ ಥರ, ಮೊದಲ ತುತ್ತುಗಳು ಸಲೀಸು, ಊಟ ಮುಗಿಯೋ ಹೊತ್ತಿಗೆ ದವಡೆನೇ ಎತ್ತೋಕಾಗಲ್ಲ, ನೀರು ಮೂಗಿಂದ ಬರುತ್ತೆ. ಮಾತೂ ಹಾಗೇ, ಹತ್ತು ನಿಮಿಷ ಮಾತಾಡಿದ್ರೆ ಮೂಗಲ್ಲಿ ಮಾತಾಡಿದ ಹಾಗಾಗುತ್ತೆ. ಮುಂಚೆ ಇದನ್ನ ಟೆನ್ಷನ್ ಅಂದ್ಬಿಟ್ಟಿದ್ರು. ದಣಿದಷ್ಟೂ ಕೆಡೋದು, ರೆಸ್ಟ್ ಸಿಕ್ಕಿದ್ರೆ ಸರಿಹೋಗೋದು ಯಾರಿಗಾದ್ರೂ ಇದ್ರೆ ಆ ಮಾದರಿನ ಡಾಕ್ಟರ್‌ಗೆ ಇದೇ ಮಾತಲ್ಲಿ ಹೇಳಿ. ಜೊತೆಗೆ ಉಸಿರು ಸಾಲದು ಅನ್ಸಿದ್ರೆ ಕಾಯಬೇಡಿ, ನೇರ ಎಮರ್ಜೆನ್ಸಿಗೆ ಹೋಗಿ.

ಬೆರಳಮಾತು:

ನನಗೆ ಮೋಟಾರ್ ನ್ಯೂರಾನ್ ಕಾಯಿಲೆ (ಎಂಎನ್‌ಡಿ), ಸ್ನಾಯು ಆಡಿಸೋ ನರಗಳು ಸಾಯ್ತಾ ಹೋಗೋದು, ಅದರಲ್ಲಿ ಗಂಟಲಿಂದಲೇ ಶುರು ಆಗೋ ಬಲ್ಬಾರ್ ವಿಧ. ಈ ಕಾಯಿಲೆ ಬಂದೋರಲ್ಲಿ ಸುಮಾರು ಕಾಲು ಭಾಗ ಜನಕ್ಕೆ ಹೀಗೆ ಶುರು ಆಗುತ್ತೆ. ಮಾತು ನಿಂತು 11 ತಿಂಗಳು. ಇದನ್ನ ಒಂದು ಬೆರಳಲ್ಲಿ ಟೈಪ್ ಮಾಡ್ತಿದೀನಿ ಅದಕ್ಕೆ ಸಣ್ಣ ಸಣ್ಣ ವಾಕ್ಯ.

ಹಸಿರೆಲೆ, ಅಪ್ಪನ ಕಡೆಯಿಂದ ಹೇಳ್ತೀನಿ. ಅವರ ವಾಕ್ಯ ನೀವು ಮುಗಿಸಬೇಡಿ. ನನ್ನ ಹೆಂಡತಿ ಮೊದಮೊದಲು ಮುಗಿಸ್ತಿದ್ಳು, ಹತ್ತರಲ್ಲಿ ಏಳು ಸರಿ ಇರ್ತಿತ್ತು. ಉಳಿದ ಮೂರು ನಾನು ಹೇಳಬೇಕು ಅಂತಿದ್ದ ಮುಖ್ಯ ಮಾತು. ಸುಸ್ತಾಗಿ ಸುಮ್ನಾಗ್ತಿದ್ದೆ. ಅರ್ಥ ಆಗದೇ ಇದ್ರೆ ಆಯ್ತು ಆಯ್ತು ಅಂತ ತಲೆ ಆಡಿಸಬೇಡಿ. ನಮಗೆ ಗೊತ್ತಾಗುತ್ತೆ. ‘ಇಷ್ಟು ತಿಳೀತು, ಈ ಪದ ತಿಳೀಲಿಲ್ಲ’ ಅನ್ನಿ, ಆ ಒಂದು ಪದ ಮಾತ್ರ ಮತ್ತೆ ಹೇಳ್ತೀವಿ.

ಎಂಎನ್‌ಡಿ ಇರೋರು ಓದ್ತಿದ್ರೆ, ಮಾತು ಇನ್ನೂ ಚೆನ್ನಾಗಿರುವಾಗಲೇ ನಿಮ್ಮ ದನಿ ರೆಕಾರ್ಡ್ ಮಾಡಿಟ್ಕೊಳ್ಳಿ. ವಾಯ್ಸ್ ಬ್ಯಾಂಕಿಂಗ್ ಅಂತಾರೆ. ಆಮೇಲೆ ಯಂತ್ರ ನಿಮ್ಮದೇ ದನಿ ಥರ ಮಾತಾಡುತ್ತೆ. ನಾನು ತಡ ಮಾಡ್ದೆ, ನನ್ನ ರೆಕಾರ್ಡಿಂಗ್ ಅರ್ಧ ತೊದಲು. ಸ್ಟೀಫನ್ ಹಾಕಿಂಗ್ 1985ರಲ್ಲಿ ಮಾತು ಕಳ್ಕೊಂಡಾಗ ಸ್ವಂತ ದನಿ ಉಳಿಸೋ ಈ ದಾರಿ ಇರ್ಲಿಲ್ಲ, ಬೇರೆಯವರ ದನಿಯಿಂದ ಮಾಡಿದ ಯಂತ್ರದ ದನಿಯಲ್ಲೇ ಕೊನೇವರೆಗೂ ಇದ್ರು. ಮುಂದೆ ಒಳ್ಳೇ ದನಿ ಬಂದಾಗಲೂ ಬದಲಾಯಿಸಲಿಲ್ಲ, ಅದೇ ಅವರ ದನಿ ಆಗೋಗಿತ್ತು.

ಊಟ ನೇರ ಒಳಗೆ ಹೋಗೋಕೆ ಹೊಟ್ಟೆಗೆ ಹಾಕೋ ಪೆಗ್ ಟ್ಯೂಬ್ ಬಗ್ಗೆ ಕೂಡ. ಅದನ್ನ ಸೋಲು ಅಂತ ತಿಳ್ಕೊಂಡು ಆರು ತಿಂಗಳು ಮುಂದೂಡಿದೆ. 9 ಕೆಜಿ ಇಳಿದೆ. ನಮ್ಮ ಕಾಯಿಲೇಲಿ ಉಸಿರಿನ ಸಾಮರ್ಥ್ಯ 50 ಪರ್ಸೆಂಟ್‌ಗಿಂತ ಕೆಳಗೆ ಹೋಗೋ ಮುಂಚೆ ಹಾಕಿಸ್ಕೊಳ್ಳೋದು ಸುರಕ್ಷಿತ ಅಂತ ಡಾಕ್ಟರ್‌ಗಳು ಹೇಳ್ತಾರೆ. ಹಾಕಿಸಿದ್ಮೇಲೆ ಊಟ ಅನ್ನೋ ಯುದ್ಧ ನಿಂತಿತು. ಈಗಲೂ ರುಚಿಗೆ ಒಂದು ಚಮಚ ಬಾಯಿಗೆ ಇಟ್ಕೊಳ್ತೀನಿ, ಥೆರಪಿಸ್ಟ್ ಒಪ್ಪಿಗೆ ಇದೆ. ನಾನು ಹಾಕಿಸ್ಕೊಂಡೆ ಅಂತ ಎಲ್ಲರೂ ಹಾಕಿಸ್ಕೊಳ್ಳಲೇಬೇಕು ಅಂತಲ್ಲ. ಬೇಡ ಅನ್ನೋ ಹಕ್ಕೂ ರೋಗಿಗೇ ಇದೆ. ಆದ್ರೆ ಕೇಳಿ, ಮಾತು ಇರುವಾಗಲೇ ಕೇಳಿ.

ಹಸಿರೆಲೆ:

ಎಲ್ಲರ ರಿಪ್ಲೈ ಅಣ್ಣಂಗೆ ಓದಿಸ್ದೆ. ಏನೂ ಮಾತಾಡಲಿಲ್ಲ, ಎದ್ದು ಹೋಗಿ ಅಪ್ಪನ ಪಕ್ಕ ಕೂತ. ನುಂಗೋ ಪರೀಕ್ಷೆಗೆ ಡೇಟ್ ಸಿಕ್ಕಿದೆ. ಮಧ್ಯೆ ಊಟ ಗಂಟಲಿಗೆ ಸಿಕ್ಕಿ ಉಸಿರು ಕಟ್ಟಿದ್ರೆ ಏನ್ ಮಾಡೋದು? ಅದೊಂದು ಭಯ.

ಸ್ವರಯಾನ:

ಜೋರಾಗಿ ಕೆಮ್ಮಕ್ಕೆ ಆಗ್ತಿದ್ರೆ ಕೆಮ್ಮಕ್ಕೆ ಬಿಡಿ, ಮುಂದಕ್ಕೆ ಬಾಗಿಸಿ ಧೈರ್ಯ ಹೇಳಿ, ನೀರು ಕೊಡಬೇಡಿ. ಕೆಮ್ಮು, ದನಿ ಎರಡೂ ಹೊರಡ್ತಿಲ್ಲ, ಉಸಿರು ಎಳೆಯೋಕಾಗ್ತಿಲ್ಲ ಅಂದ್ರೆ ತಕ್ಷಣ ಮುಂದಕ್ಕೆ ಬಾಗಿಸಿ ಭುಜದೆಲುಬುಗಳ ಮಧ್ಯೆ ಅಂಗೈ ಬುಡದಿಂದ 5 ಜೋರು ಪೆಟ್ಟು. ಆಗಲಿಲ್ಲ ಅಂದ್ರೆ ಹಿಂದಿಂದ ತಬ್ಬಿ ಹೊಕ್ಕಳ ಮೇಲ್ಗಡೆ ಮುಷ್ಟಿ ಇಟ್ಟು ಒಳಗೆ ಮೇಲಕ್ಕೆ 5 ಸಲ ಒತ್ತಿ, ಹೊರಗೆ ಬರೋ ತನಕ 5 ಪೆಟ್ಟು, 5 ಒತ್ತು ಒಂದಾದ್ಮೇಲೆ ಒಂದು. ಇನ್ನೊಬ್ಬರು ಆಂಬುಲೆನ್ಸ್‌ಗೆ ಫೋನ್ ಮಾಡಲಿ. ಪ್ರಜ್ಞೆ ತಪ್ಪಿದ್ರೆ ನೆಲದ ಮೇಲೆ ಮಲಗಿಸಿ ಸಿಪಿಆರ್ (ಎದೆ ಒತ್ತಿ ಜೀವ ಉಳಿಸೋ ಕ್ರಮ) ಶುರು ಮಾಡ್ಬೇಕು. ಇದನ್ನ ಒಂದು ದಿನ ತರಬೇತಿಯಲ್ಲಿ ಕೈಯಾರೆ ಕಲೀರಿ, ಓದಿದ್ದು ಆ ಗಳಿಗೇಲಿ ನೆನಪಿಗೆ ಬರಲ್ಲ.

ಹಸಿರೆಲೆ:

ಏಳು ವಾರ ಆದ್ಮೇಲೆ ಬರೀತಿದೀನಿ. ಫೀಸ್, ಆ ಕ್ಯಾಮೆರಾ ಪರೀಕ್ಷೆ, ಆಯ್ತು. ಸ್ವರಯಾನ ಮೇಡಂ ಹೇಳಿದ್ದೇ ನಿಜ, ಬರೀ ನೀರು ಕೊಟ್ಟಾಗ ಧ್ವನಿತಂತುಗಳ ಮಧ್ಯೆ ಇಳಿದು ಹೋಗೋದು ಸ್ಕ್ರೀನಿನಲ್ಲಿ ನನಗೇ ಕಾಣಿಸ್ತು, ಅಪ್ಪ ಕೆಮ್ಮಲೇ ಇಲ್ಲ, ಆರಾಮಾಗಿ ನಮ್ಮ ಮುಖ ನೋಡ್ತಾ ಕೂತಿದ್ರು. ಆ 0ಯಿಂದ 7ರ ಅಳತೇಲಿ 2ನೇ ಹಂತದ ಮಂದ ಇರೋದು ಸರಿಯಾಗಿ ಇಳೀತು. ಈಗ ಎಲ್ಲಾ ದ್ರವಾನೂ ಆ ಹದಕ್ಕೆ ಮಾಡಿ ಕೊಡ್ತಿದೀವಿ. ಮೊದಲು ಒಂದು ತಪ್ಪು ಮಾಡ್ತಿದ್ವಿ, ಬಾಯಿಗಿಟ್ಟ ಚಮಚನೇ ಮತ್ತೆ ಕಪ್ಪಿಗೆ ಅದ್ದಿ ಅದ್ದಿ ಕೊಡೋದು. ಎಂಜಲು ಸೇರಿ, ಮಂದ ಮಾಡೋಕೆ ಹಾಕಿದ ಪಿಷ್ಟದ ಪುಡಿ ಕರಗಿ ಅರ್ಧ ಕಪ್ಪು ಆಗೋಷ್ಟರಲ್ಲಿ ನೀರು ನೀರಾಗ್ತಿತ್ತು. ಈಗ ಸ್ವಲ್ಪ ಸ್ವಲ್ಪ ಬೇರೆ ಬಟ್ಟಲಿಗೆ ತೆಗೆದು ಕೊಡ್ತೀವಿ. ಊಟ ಮಾತ್ರೆ ಟೈಮಿಗೆ ಹೊಂದಿಸಿದ್ಮೇಲೆ ಅರ್ಧ ಗಂಟೇಲಿ ಮುಗೀತಿದೆ, ಜ್ವರ ಮತ್ತೆ ಬಂದಿಲ್ಲ, ಇಷ್ಟು ಬೇಗ ಹೇಳೋಕಾಗಲ್ಲ ಅಂತ ಗೊತ್ತು.

ದನಿ ಥೆರಪಿ ಮೂರನೇ ವಾರ ನಡೀತಿದೆ. ಅಣ್ಣನೇ ಕರ್ಕೊಂಡು ಹೋಗ್ತಾನೆ, ಮನೇಲಿ ‘ಆ’ ಅಂತ ಒಂದೇ ಉಸಿರಲ್ಲಿ ಎಳೆಯೋ ಅಭ್ಯಾಸಕ್ಕೆ ಅವನೇ ಪಕ್ಕದಲ್ಲಿ ಕೂತು ಸೆಕೆಂಡ್ ಎಣಿಸ್ತಾನೆ.

ಮಂದ ನೀರು ಅಪ್ಪಂಗೆ ಸ್ವಲ್ಪನೂ ಇಷ್ಟ ಇಲ್ಲ, ಬಾಯಾರಿಕೆನೇ ಹೋಗಲ್ಲ ಅಂತಾರೆ. ಥೆರಪಿಸ್ಟ್ ಹತ್ರ ಕೇಳಿದ್ವಿ, ಬಾಯಿ ಪೂರ್ತಿ ಕ್ಲೀನ್ ಮಾಡಿದ್ಮೇಲೆ, ಊಟದ ಜೊತೆ ಅಲ್ಲದೆ, ಯಾರಾದ್ರೂ ಎದುರಿಗೆ ಇದ್ದು ಚಮಚದಲ್ಲಿ ಬರೀ ನೀರು ಕೊಟ್ಟು ನೋಡಿ, ಜ್ವರ ಕೆಮ್ಮು ಬಂದ್ರೆ ನಿಲ್ಲಿಸಿ ಅಂದ್ರು. ನಿನ್ನೆ ಬೆಳಗ್ಗೆ ಹಲ್ಲುಜ್ಜಿಸಿ ಮೂರು ಚಮಚ ಕೊಟ್ಟೆ. ಮೂರನೇದು ಇಳಿದ್ಮೇಲೆ ಕಣ್ಣು ಮುಚ್ಕೊಂಡು ಸ್ವಲ್ಪ ಹೊತ್ತು ಹಾಗೇ ಕೂತಿದ್ರು. ಆಮೇಲೆ ‘ಇನ್ನೊಂದು’ ಅಂದ್ರು. ಅಡುಗೆಮನೇಲಿದ್ದ ಅಮ್ಮಂಗೂ ಕೇಳಿಸ್ತು.